ಸಾಕಿದ ಕೂಲಿ

ಹಣಮಪ್ಪನಿಗೆ ಒಬ್ಬ ಮಗ ಇದ್ದಾನೆ ಎಂಬುದು ಕಾರ್ಖಾನೆಯಲ್ಲಿ ಎಲ್ಲರಿಗೂ ಗೊತ್ತಿತ್ತು. ಕಾಗದಗಳಿಗೆ ಮಾತ್ರ ಗೊತ್ತಿರಲಿಲ್ಲ.

ಗೇಟಿನ ಎದುರಿನ ಚಹಾದ ಅಂಗಡಿಯಲ್ಲಿ ಯೂನಿಯನ್ನಿನ ದೇವೀಂದ್ರಪ್ಪ ಫೈಲನ್ನು ದೇವಾನಂದನ ಕಡೆಗೆ ಸರಿಸಿದ. ಬೆಂಚಿನ ಮೇಲೆ, ಲೋಟದ ಅಂಚಿನ ಮೇಲೆ, ದೇವೀಂದ್ರಪ್ಪನ ಹುಬ್ಬಿನ ಮೇಲೆ ಒಂದೇ ಬೂದು ಸಿಮೆಂಟು ಪುಡಿ ಕೂತಿತ್ತು.

"ವಾಪಸ್ ಬಂದದ ನೋಡು."

"ಯಾಕ್ರೀ ಅಣ್ಣಾ?"

"ನೀನೇ ಓದು. ಹುಟ್ಟಿದ ಸರ್ಟಿಫಿಕೇಟಿನಾಗ ನಿಮ್ಮಪ್ಪ ಯಾರು? ಲಾಲಸಾಬ. ಅವ್ವ ಯಾರು? ಸೈದಾನಬಿ. ಇರ್ಲಿ. ಸಾಲಿ ಟಿ.ಸಿ. ನೋಡು. ಅಪ್ಪ ಹಣಮಪ್ಪ, ಅವ್ವ ಸೈದಾನಬಿ." ದೇವೀಂದ್ರಪ್ಪ ನಗಬಾರದೆಂದು ಲೋಟವನ್ನು ಬಾಯಿಗಿಟ್ಟ. ನಗು ಚಹಾದೊಳಗೆ ಹೋಗಿ ಗುಳುಗುಳು ಎಂದಿತು. "ಆಫೀಸಿನ್ಯಾಗ ಕೇಳ್ತಾರ, ಈ ಹಣಮಪ್ಪ ಎಷ್ಟು ಮನಿ ಮಾಡಿದ್ದ ಅಂತ."

"ಊರಾಗ ಎಲ್ಲಾರಿಗೂ ಗೊತ್ತದಲ್ರೀ."

"ಊರು ಬಂದು ಸಹಿ ಮಾಡಲ್ಲ ತಮ್ಮಾ. ಪರ್ಮನೆಂಟ್ ಮನುಷ್ಯ ಡ್ಯೂಟಿ ಮ್ಯಾಲ ಸತ್ರ ಅವನ ಮಗನಿಗೆ ಪರ್ಮನೆಂಟ್ ಕೊಡಬೇಕು. ಇದು ನಾವು ಗೇಟಿನ ಮುಂದ ಮಲಗಿ ತಗೊಂಡ ಮಾತು. ಆದರ ಅವನ ಮಗ ಇರಬೇಕಲ್ಲ? ನೀ ಲಾಲಸಾಬನ ಮಗ. ಯುಗಾದಿ ಒಳಗ ತಿದ್ದಿಸಿಕೊಂಡು ಬಾ. ಯುಗಾದಿಗೆ ನಿಮ್ಮಪ್ಪ ಸತ್ತು ವರ್ಷ ತುಂಬ್ತದ. ಆಮ್ಯಾಲ ಆ ಜಾಗ ಇಲ್ಲ, ನೀ ಇಲ್ಲ, ನಾನೂ ಇಲ್ಲ."

ದೇವಾನಂದ ಶಹಾಬಾದಿನ ಒಂದು ಪಾಲಿಶ್ ಮಷಿನ್ನಿನಲ್ಲಿ ಕಲ್ಲು ಹಿಡಿಯುವ ಕೆಲಸ ಮಾಡುತ್ತಿದ್ದ. ನೀರು, ಕಲ್ಲಿನ ಕೆಸರು, ಮತ್ತೆ ನೀರು. ಸಂಜೆಯ ಹೊತ್ತಿಗೆ ಬೆರಳುಗಳು ಬೇರೆ ಯಾರದೋ ಆಗಿರುತ್ತಿದ್ದವು. ಕಾರ್ಖಾನೆಯಲ್ಲಿ ಪರ್ಮನೆಂಟ್ ಆದವರು ಬಿಳಿ ಹೆಲ್ಮೆಟ್ ಹಾಕುತ್ತಾರೆ. ಠೇಕೇದಾರನ ಗುತ್ತಿಗೆ ಜನ ಹಳದಿ. ಅವನಿಗೆ ಬೇಕಿದ್ದದ್ದು ಆ ಬಿಳಿ ಹೆಲ್ಮೆಟ್. ಅದಕ್ಕೆ ಅಡ್ಡ ನಿಂತದ್ದು ಅವನು ಹುಟ್ಟಿದ ದಿನ.

ಆ ದಿನದ ಕಥೆ ಅವನಿಗೆ ಚಿಕ್ಕಂದಿನಿಂದ ಗೊತ್ತಿತ್ತು. ಅಮೃತಮ್ಮನಿಗೆ ಅವನಿಗಿಂತ ಮೊದಲು ಮೂರು ಕೂಸು ಹುಟ್ಟಿ, ತೊಟ್ಟಿಲು ಬೆಚ್ಚಗಾಗುವ ಮೊದಲೇ ಹೋಗಿದ್ದವು. ನಾಲ್ಕನೆಯದು ಬಂದಾಗ ಸೂಲಗಿತ್ತಿ ಅದನ್ನು ತಾಯಿಗೆ ತೋರಿಸಲಿಲ್ಲ. ಮೊರದಲ್ಲಿಟ್ಟು ಹಿತ್ತಲಿನ ತಿಪ್ಪೆಯ ಮೇಲೆ ಮಲಗಿಸಿ ಬಂದಳು. ಮೊದಲೇ ಮಾತಾಗಿದ್ದಂತೆ ಎದುರು ಮನೆಯ ಸೈದಾನಬಿ ಆ ದಾರಿಯಲ್ಲಿ ಬಂದಳು. ಅವಳ ಹೆಣ್ಣುಮಕ್ಕಳು ನಾಲ್ವರೂ ಒಂದು ಸೀನೂ ಸೀನದೆ ಬೆಳೆದಿದ್ದವರು. "ಯಾರೋ ಕೂಸು ಒಗದು ಹೋಗ್ಯಾರ" ಎಂದು ಮೂರು ಓಣಿಗೆ ಕೇಳುವಂತೆ ಕೂಗಿದಳು. ತಿಪ್ಪೆಗೆ ಒಂದು ಸೇರು ಜೋಳದ ತೌಡು ಸುರಿದು ಕೂಸನ್ನು ಕೊಂಡಳು. ಆಮೇಲೆ ಅಮೃತಮ್ಮನ ಬಾಗಿಲಿಗೆ ಬಂದು, "ನನಗ ಹಾಲಿಲ್ಲ. ನನ್ನ ಮಗನ್ನ ಸಾಕಿ ಕೊಡ್ತೀ ಏನು? ಕೂಲಿ ಕೊಡ್ತೀನಿ" ಎಂದಳು.

ಸಾವಿಗೆ ವಿಳಾಸ ತಪ್ಪಿಸುವ ಉಪಾಯ ಅದು. ಮುಂದೆ ಅವನ ಲಗ್ನದ ದಿನ ಸೈದಾನಬಿಗೆ ಸೀರೆ, ತೆಂಗಿನಕಾಯಿ ಕೊಟ್ಟು ಮಗನನ್ನು ಮರಳಿ ಕೊಳ್ಳಬೇಕು. ಅಲ್ಲಿಯ ತನಕ ಹೆತ್ತವಳು ಅವನನ್ನು ನನ್ನವನು ಅನ್ನಬಾರದು, ಅವನು ಅವಳನ್ನು ಅವ್ವ ಅನ್ನಬಾರದು. ಸೈದಾನಬಿ ಪ್ರತಿ ವರ್ಷ ಮೊಹರಂ ಮುಗಿದ ಮರುದಿನ ಒಂದು ಬೊಗಸೆ ಕಡಲೆ ತಂದು ಅಮೃತಮ್ಮನ ಸೆರಗಿಗೆ ಹಾಕುತ್ತಿದ್ದಳು. ಮಗನನ್ನು ಸಾಕಿದ ಕೂಲಿ. ಅಮೃತಮ್ಮ ಅದನ್ನು ಹುರಿದು ಮಗನಿಗೇ ತಿನ್ನಿಸುತ್ತಿದ್ದಳು.

ಹೊಸದಾಗಿ ಬಂದ ನರ್ಸು ಕೂಸಿನ ವಿವರ ಬರೆದುಕೊಳ್ಳಲು ಬಂದಾಗ, ಬಾಣಂತಿ ಎದೆಗವಚಿಕೊಂಡೇ ಹೇಳಿದ್ದಳು: "ಇದು ನಂದಲ್ರೀ. ಸೈದಾನಬೀದು." ನರ್ಸು ಹೇಳಿದ್ದನ್ನು ಬರೆದುಕೊಂಡು ಹೋದಳು. ಸಾಲೆಗೆ ಸೇರಿಸುವಾಗ ಹಣಮಪ್ಪ ಅಪ್ಪನ ಜಾಗದಲ್ಲಿ ತನ್ನ ಹೆಸರು ಹೇಳಿಬಿಟ್ಟ. ಗಂಡಸಿನ ಬಾಯಿ, ಜಾರಿತು. ಆ ವಾರವೆಲ್ಲ ಅಮೃತಮ್ಮ ಅವನ ಜೊತೆ ಮಾತು ಬಿಟ್ಟಿದ್ದಳು.

ದೇವಾನಂದ ತಾಯಿಯನ್ನು ಅಕ್ಕ ಎಂದ. ತಂದೆಯನ್ನು ಕಾಕಾ ಎಂದ. ಹಣಮಪ್ಪನ ಹೆಣ ಬಂದಾಗಲೂ ಅವನ ಬಾಯಿಂದ ಹೊರಟದ್ದು "ಕಾಕಾ" ಎಂದೇ.

ಹಣಮಪ್ಪ ಸತ್ತದ್ದು ಬೆಲ್ಟಿನ ಗ್ಯಾಲರಿಯಲ್ಲಿ. ಒಡೆದ ಕಲ್ಲನ್ನು ಮೇಲಕ್ಕೆ ಸಾಗಿಸುವ ಉದ್ದನೆಯ ತಗಡಿನ ಓಣಿ ಅದು, ಆಕಾಶಕ್ಕೆ ಓರೆಯಾಗಿ ನಿಲ್ಲಿಸಿದಂತೆ. ರೋಲರಿನ ಕೆಳಗೆ ಸಿಕ್ಕಿದ ಕಲ್ಲನ್ನು ತೆಗೆಯಲು ಬಗ್ಗಿದ್ದ. ನಿಂತಿದ್ದ ಬೆಲ್ಟು ಹೊರಟಿತು. ಮನೆಗೆ ತಂದಾಗ ಮುಖ ಮಾತ್ರ ಕಾಣುವಂತೆ ಬಿಳಿ ಬಟ್ಟೆ ಬಿಗಿದಿದ್ದರು. ಬಿಚ್ಚಿರೆಂದು ಅಮೃತಮ್ಮ ಕೇಳಲಿಲ್ಲ.

*

ಚಿತ್ತಾಪುರದ ಕಚೇರಿಯಲ್ಲಿ ಜನನ ಮರಣದ ಟೇಬಲ್ಲಿಗಿದ್ದ ಶರಣಕುಮಾರ ಒಳ್ಳೆಯವನು. ಹಣೆಯ ವಿಭೂತಿ ಮಧ್ಯಾಹ್ನದ ಹೊತ್ತಿಗೆ ಬೆವರಿನಲ್ಲಿ ಕರಗಿ ಹುಬ್ಬಿಗಿಳಿದಿತ್ತು. ಕಥೆಯನ್ನೆಲ್ಲ ಕೇಳಿ ತಲೆಯಾಡಿಸಿದ.

"ನಮ್ಮ ದೊಡ್ಡಪ್ಪನ್ನೂ ಹಿಂಗೇ ಮಾರಿದ್ರಂತ. ಅವನ ಹೆಸರೇ ಫಕೀರಯ್ಯ. ಕುಂದ್ರು. ನೋಡೂಣು."

ಹಳೆಯ ಪುಸ್ತಕ ತಂದು ಎಂಜಲು ಹಚ್ಚದೆ, ಪೆನ್ಸಿಲಿನ ಹಿಂಬದಿಯಿಂದ ಪುಟ ತಿರುವಿದ. ಪುಟಗಳು ಹಪ್ಪಳದಂತೆ ಸದ್ದು ಮಾಡಿದವು.

"ಅಮೃತಮ್ಮ ಗಂಡ ಹಣಮಪ್ಪ. ಇಲ್ಲಿ ಅದ. ಒಂದು ಹೆಣ್ಣು. ಇಲ್ಲೊಂದು ಗಂಡು. ಮತ್ತ ಒಂದು ಹೆಣ್ಣು. ಭೇಷ್! ಅಲ್ಲೋ, ಇಷ್ಟು ಮಂದಿ ಇದ್ದು ನೌಕರಿಗೆ ನೀ ಯಾಕ ಓಡಾಡಾಕತ್ತೀ? ಹಿರೇ ಅಕ್ಕನ ಗಂಡ ಏನ್ ಮಾಡ್ತಾನ?"

"ಅವು ಸತ್ತಾವ್ರೀ. ಕೂಸಿದ್ದಾಗೇ."

ಶರಣಕುಮಾರ ಪೆನ್ಸಿಲನ್ನು ಕೆಳಗಿಟ್ಟ.

"ಸತ್ತದ್ದು ಬರಸಿಲ್ಲಲ್ಲಪಾ."

"ಯಾರು ಬರಸ್ತಾರ್ರೀ. ಹಿತ್ತಲದಾಗ ಮಣ್ಣು ಮಾಡ್ಯಾರ."

"ಹಂಗಂದ್ರ ಸರ್ಕಾರದ ಲೆಕ್ಕದಾಗ ಅವು ಮೂರೂ ಅದಾವ. ಆ ಮನ್ಯಾಗ ಹುಟ್ಟಲಾರದವ ನೀನೊಬ್ಬನೇ." ಹೇಳಿದ ಮೇಲೆ ತನ್ನ ಮಾತು ತನಗೇ ಸರಿಬರಲಿಲ್ಲವೇನೋ, ಮೇಜಿನ ಮೇಲಿನ ನೀರು ಕುಡಿದ. "ಕೇಳು. ನಿನ್ನ ತಾಯಿ ಹೆಸರು ತಿದ್ದಬೇಕಂದ್ರ ನೀ ಆಕಿಗೆ ಎಷ್ಟನೇ ಕೂಸು ಅನ್ನೋದೂ ಬರೀಬೇಕು. ನಾಲ್ಕನೇದು. ಹಂಗಾರ ಮೊದಲಿನ ಮೂರು ಏನಾದ್ವು ಅಂತ ಸಾಹೇಬ್ರು ಕೇಳ್ತಾರ. ಎರಡೂ ಕೂಡೇ ಹಾಕ್ತೀನಿ. ಮೂರರ ಮರಣ, ನಿಂದು ಜನನ. ಸೇಡಂನಾಗ ಎ.ಸಿ. ಸಾಹೇಬ್ರ ಮುಂದ ಒಂದೇ ದಿನ ಮುಗೀತದ. ಇಬ್ಬರೂ ಹೆಣ್ಮಕ್ಳು ಬರಬೇಕು. ಸೈದಾನಬಿ 'ನಾ ಹಡದಿಲ್ಲ' ಅನಬೇಕು. ನಿಮ್ಮವ್ವ 'ನಾ ಹಡದೀನಿ' ಅನಬೇಕು. ಬಾಯಿಲೆ."

"ಬರದು ಹೆಬ್ಬಟ್ಟು ಒತ್ತಿಸಿದ್ರ ನಡೆಂಗಿಲ್ಲೇನ್ರೀ?"

"ಹಿಂದ ನಡೀತಿತ್ತು. ಯಾವನೋ ಹೆಣದ ಹೆಬ್ಬಟ್ಟು ಒತ್ತಿಸ್ಯಾನ. ಈಗ ಸಾಹೇಬ್ರು ಬಾಯಿ ನೋಡ್ತಾರ."

*

ಅಮೃತಮ್ಮ ರೊಟ್ಟಿ ಬಡಿಯುತ್ತಿದ್ದಳು. ಬಡಿಯುವ ಸದ್ದು ನಿಲ್ಲಲಿಲ್ಲ. ಅವನು ಹೇಳಿದ್ದನ್ನೆಲ್ಲ ಆ ಸದ್ದಿನ ಸಂದಿಯಲ್ಲೇ ಕೇಳಿಸಿಕೊಂಡಳು.

"ಯಾವ ಕೆಲಸ ಕೊಡ್ತಾರಂತ?"

"ಕಾಕಾಂದೇ."

"ಅದೇ ಬೆಲ್ಟಿನ ಮ್ಯಾಗ?"

"ಜಾಗ ಅಲ್ಲೇ ಖಾಲಿ ಅದಲ್ಲಕ್ಕಾ."

ಅವಳು ರೊಟ್ಟಿಯನ್ನು ಹೆಂಚಿಗೆ ಹಾಕಿ ನೀರು ಸವರಿದಳು.

"ಒಂದು ಮಾತು ಹೇಳೂದು," ಎಂದ ದೇವಾನಂದ. "ಒಂದೇ. ಹೇಳಿ ಬಂದುಬಿಡೂದು. ಇಪ್ಪತ್ತೆರಡು ವರ್ಷ ಆತು, ನಾ ಸಾಯೋನಿದ್ರ ಯಾವಾಗೋ..."

"ಬಾಯಿ ಮುಚ್ಚು!" ಕೈಯಲ್ಲಿದ್ದ ಹಿಟ್ಟು ಹಾರಿತು. ಆಮೇಲೆ ಮೆಲ್ಲಗೆ, ಗೋಡೆಯ ಆಚೆ ಯಾರೋ ಇದ್ದಂತೆ ಹೇಳಿದಳು: "ಅದು ಇನ್ನಾ ಮನಿ ಬಿಟ್ಟು ಹೋಗಿಲ್ಲ. ನಿಮ್ಮ ಕಾಕಾನ್ನ ಒಯ್ಯಾಕ ಬಂದದ್ದು ಇಲ್ಲೇ ಕುಂತದ. ಅದಕ್ಕ ಕಿವಿ ಅದಾವ."

"ಕಾಕಾನ್ನ ಒಯ್ದಿದ್ದು ಬೆಲ್ಟು."

"ನಾನೂ ಅದನ್ನೇ ಅನ್ನಾಕತ್ತೀನಿ."

ಅವಳ ಹೆದರಿಕೆ ಹುಚ್ಚೆಂದು ತಳ್ಳಿಹಾಕಬಹುದಾಗಿದ್ದರೆ ಸುಲಭವಿತ್ತು. ಆದರೆ ಅವಳು ಆ ಒಂದು ಮಾತು ಹೇಳಿದರೆ ಅವನು ನಾಳೆಯಿಂದ ನಿಲ್ಲುವ ಜಾಗ ಯಾವುದು ಎಂಬುದು ಇಬ್ಬರಿಗೂ ಗೊತ್ತಿತ್ತು. ನನ್ನ ಮಗ ಎನ್ನುವುದೂ, ಬೆಲ್ಟಿಗೆ ಕಳಿಸುವುದೂ ಈಗ ಒಂದೇ ಕಾಗದದ ಮೇಲಿದ್ದವು.

ಮಾತಿಗೆ ಮಾತು ಬೇಕೆಂದು ಅವನು ಆ ಮೂರು ಕೂಸುಗಳ ವಿಷಯ ಎತ್ತಿದ. ಕಚೇರಿಯ ಪುಸ್ತಕದಲ್ಲಿ ಅವು ಇನ್ನೂ ಜೀವಂತ ಇವೆಯಂತೆ, ಶರಣಕುಮಾರ ಹಿರಿಯವಳಿಗೆ ಲಗ್ನವನ್ನೂ ಮಾಡಿದ ಎಂದು. ನಗಿಸಬಹುದೆಂದುಕೊಂಡಿದ್ದ.

ರೊಟ್ಟಿ ಹೊತ್ತಿದ ವಾಸನೆ ಬಂತು. ಅಮೃತಮ್ಮ ಅದನ್ನು ತೆಗೆಯಲಿಲ್ಲ.

"ಹೆಸರು ಬರದಾರೇನು?"

"ಇಲ್ಲ. ಹೆಣ್ಣು, ಗಂಡು ಅಂತಷ್ಟೇ."

"ಹೆಸರಿಲ್ಲದೇ ಅಡ್ಡಾಡಾಕತ್ತಾವ," ಎಂದಳು. ಹೊತ್ತಿದ ರೊಟ್ಟಿಯನ್ನು ಬದಿಗಿಟ್ಟು ಕೇಳಿದಳು: "ಅವು ಸತ್ತಾವಂತ ಯಾರು ಹೇಳಬೇಕು? ನಾನೇ ಏನು?"

"ನೀನೇ."

*

ಸೈದಾನಬಿ ಮರುದಿನ ಬಂದಳು. ಗಂಡ ಲಾಲಸಾಬ ತೀರಿಕೊಂಡು ಬಹಳ ಕಾಲವಾಗಿತ್ತು. ಹೆಣ್ಣುಮಕ್ಕಳು ಚಿಂಚೋಳಿ, ತಾಂಡೂರು ಕಡೆ ಸಂಸಾರ ಹೂಡಿದ್ದರು. ಹೊಸ್ತಿಲ ಮೇಲೆ ಕೂತು ಎಲೆಯಡಿಕೆ ಚೀಲ ಬಿಚ್ಚಿದಳು.

"ಬರ್ತೀನಿ ಬೇಟಾ. ನನಗೇನು, ಒಂದು 'ಇಲ್ಲ' ಅನ್ನೂದು. ಖರೆ ಒಂದು ಕೇಳ್ತೀನಿ. ನಾ ಇಲ್ಲ ಅಂದ ಮ್ಯಾಲ ನೀ ನನಗ ಏನಂತ ಕರೀತಿ?"

"ಅವ್ವ ಅಂತೇ."

"ಸುಳ್ಳು ಮಗನೇ. ಬಿಳಿ ಟೊಪಿಗಿ ಹಾಕ್ಕೊಂಡು ಬಂದು 'ಏನಬೇ ಮುದುಕೀ' ಅಂತಿ." ನಕ್ಕಳು. ನಗುವಾಗ ಬಾಯಿ ಕೆಂಪಗೆ ಖಾಲಿಯಾಗಿ ಕಂಡಿತು. ಆಮೇಲೆ ಅಮೃತಮ್ಮನ ಕಡೆ ತಿರುಗಿದಳು. "ಏ ಅಮೃತಾ, ಲಗ್ನದ ತನಕ ಯಾಕ ಕಾಯ್ತೀ? ಇವತ್ತೇ ಕೊಂಡುಬಿಡು. ಹಳೇ ಸೀರಿನೇ ಕೊಡು, ನಾ ಬ್ಯಾಡ ಅನ್ನಲ್ಲ. ಒಂದು ಟೆಂಗು ಒಡಿ. ನಂದು ನಿಂದು ಹರೀತು. ಆಮ್ಯಾಲ ಧೈರ್ಯಲೆ ಹೇಳಬಹುದು."

"ಲಗ್ನದ ದಿನ ಅಂತ ಮಾತಾಗ್ಯದ ಆಪಾ."

"ನೌಕರಿ ಇಲ್ದೆ ಲಗ್ನ ಹೆಂಗ ಆಗ್ತದ?"

"ನೌಕರಿ ಇಲ್ದೋರ ಲಗ್ನ ಆಗ್ಯಾವ," ಎಂದಳು ಅಮೃತಮ್ಮ. "ಸತ್ತೋರ ಲಗ್ನ ಆಗಿಲ್ಲ."

ದೇವಾನಂದ ಎದ್ದು ಹೊರಗೆ ಹೋದ. ಹಿಂದಿನಿಂದ ತಾಯಿಯ ದನಿ ಕೇಳಿಸಿತು. "ಸೇಡಂಗ ಬರ್ತೀನಿ. ಯಾವಾಗ ಅಂತ ಕೇಳ್ಕೊಂಡು ಬಾ."

ಅವನು ಓಣಿಯಲ್ಲಿ ನಿಂತುಬಿಟ್ಟ. ಒಳಗೆ ಸೈದಾನಬಿ, "ಹಾಂ, ಇದು ಮಾತು!" ಎಂದದ್ದು ಕೇಳಿತು. ಸಂಜೆ ಅವನೇ ದೇವೀಂದ್ರಪ್ಪನಿಗೆ ಫೋನು ಮಾಡಿ ಹೇಳಿದ. ದೇವೀಂದ್ರಪ್ಪ ಬಿಳಿ ಹೆಲ್ಮೆಟ್ಟಿನ ಅಳತೆ ಕೇಳಿ ತಮಾಷೆ ಮಾಡಿದ.

*

ಚಿತ್ತಾಪುರದಿಂದ ಪ್ಯಾಸೆಂಜರ್ ಗಾಡಿಯಲ್ಲಿ ಹೋದರು. ಹೊರಗೆ ತೊಗರಿ ಕಡಿದ ಹೊಲಗಳು, ಕಲ್ಲಿನ ಖಣಿಗಳು, ಖಣಿಗಳಲ್ಲಿ ನಿಂತ ಹಸಿರು ನೀರು. ಇಬ್ಬರು ಹೆಂಗಸರು ಎದುರುಬದುರು ಕೂತಿದ್ದರು. ಸೈದಾನಬಿ ಸೇಡಂ ಬರುವ ತನಕ ತನ್ನ ಮೂರನೇ ಅಳಿಯನನ್ನು ಬೈದಳು. ಅಮೃತಮ್ಮ ಎಲ್ಲದಕ್ಕೂ ಹ್ಞೂಂ ಎಂದಳು. ಮಗನ ಕಡೆ ನೋಡಲಿಲ್ಲ.

ಸಾಹೇಬರು ಮೈಸೂರು ಕಡೆಯವರು. ಸಣ್ಣ ವಯಸ್ಸು. ಶರಣಕುಮಾರ ಫೈಲು ಬಿಚ್ಚಿ ಪಕ್ಕದಲ್ಲಿ ನಿಂತ. ಮೊದಲು ಸೈದಾನಬಿಯನ್ನು ಕರೆದರು.

"ಈ ಹುಡುಗನನ್ನು ನೀವು ಹೆತ್ತಿದ್ದಾ?"

"ತಿಪ್ಪಿ ಮ್ಯಾಗ ಇತ್ರೀ. ಎತ್ಕೊಂಡೆ."

"ಅಂದರೆ ಯಾರೋ ಬಿಟ್ಟುಹೋದ ಮಗು?"

"ಬಿಟ್ಟು ಹೋಗಿಲ್ರೀ, ಇಟ್ಟಿದ್ರು. ನಾ ಎತ್ಕೊಳ್ಳಲಿ ಅಂತೇ ಇಟ್ಟಿದ್ರು."

ಸಾಹೇಬರು ಶರಣಕುಮಾರನ ಮುಖ ನೋಡಿದರು. ಶರಣಕುಮಾರ ಸಣ್ಣ ದನಿಯಲ್ಲಿ ವಿವರಿಸಿದ. ಸಾಹೇಬರು ಪೆನ್ನಿನ ಮುಚ್ಚಳ ತೆಗೆದು ಹಾಕಿ ಮಾಡಿದರು.

"ಅಮ್ಮಾ, ಅದೆಲ್ಲ ಬಿಡಿ. ಹೆತ್ತಿದ್ದು ನೀವಾ, ಅಲ್ಲವಾ? ಅಷ್ಟು ಹೇಳಿ ಸಾಕು."

ದಾರಿಯುದ್ದಕ್ಕೂ ಮಾತಾಡಿದ್ದ ಹೆಂಗಸು ಈಗ ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತ ನಿಂತಳು. ದೇವಾನಂದನ ಕಡೆ ನೋಡಿ, "ಇಲ್ರೀ. ನಾ ಹಡದಿಲ್ಲ" ಎಂದಳು. ಹೆಬ್ಬಟ್ಟು ಒತ್ತಿ ಹಿಂದೆ ಬಂದು, ಕುರ್ಚಿ ಇದ್ದರೂ ನೆಲದ ಮೇಲೆ ಕೂತಳು.

ಆಮೇಲೆ ಅಮೃತಮ್ಮ. ಸಾಹೇಬರು ಸತ್ತವುಗಳಿಂದ ಶುರು ಮಾಡಿದರು.

"ಮೊದಲನೆಯದು ಹೆಣ್ಣು ಮಗು. ನಿಮ್ಮದೇನಾ?"

"ನಂದ್ರೀ."

"ಏನಾಯ್ತು?"

"ಹಾಲು ಬಿಡ್ತು. ಆಮ್ಯಾಲ ಸತ್ತಿತು."

"ಎರಡನೆಯದು ಗಂಡು?"

"ಅದೂ ನಂದೇ. ಅದು ಛಲೋ ಇತ್ರೀ. ಗುಂಡಗುರ್ತಿಗೆ ದವಾಖಾನಿಗೆ ಒಯ್ದಿದ್ವಿ. ಬರುವಾಗ ಬಸ್ಸಿನ್ಯಾಗ ಸತ್ತಿತು. ಇಳಿಸಿ ಬಿಡ್ತಾರಂತ ಊರು ಬರೋ ತನಕ ಎದಿಗಿ ಹಚ್ಚಿಕೊಂಡೇ ಕುಂತಿದ್ದೆ."

ಸಾಹೇಬರು ಬರೆಯುವುದನ್ನು ನಿಲ್ಲಿಸಿದ್ದರು. ದೇವಾನಂದ ಈ ಬಸ್ಸಿನ ಮಾತನ್ನು ಎಂದೂ ಕೇಳಿರಲಿಲ್ಲ.

"ಮೂರನೆಯದು?"

"ನಂದೇ. ಹುಟ್ಟಿದ ಕೂಡ್ಲೆ 'ಇದು ನನ್ನ ಮಗಳು, ಇದನ್ನ ಬಿಡಲ್ಲ' ಅಂತ ಒದರಿದ್ದೆ. ಸತ್ತಿತು."

ಸಾಹೇಬರು ತಾವೇ ಎದ್ದು ಬಂದು ಎಲ್ಲಿ ಒತ್ತಬೇಕೆಂದು ತೋರಿಸಿದರು. ಅವಳು ಮೂರು ಕಡೆ ಹೆಬ್ಬಟ್ಟು ಒತ್ತಿದಳು. ಒಂದೊಂದು ಸಲವೂ ಬೆರಳನ್ನು ಬಹಳ ಹೊತ್ತು ಕಾಗದದ ಮೇಲೆ ಇಟ್ಟಳು. ಶರಣಕುಮಾರ ಅವಸರ ಮಾಡಲಿಲ್ಲ.

"ಈಗ ಇವನು," ಎಂದರು ಸಾಹೇಬರು. ದನಿ ಮೆತ್ತಗಾಗಿತ್ತು. "ದೇವಾನಂದ. ಇವನನ್ನು ಹೆತ್ತಿದ್ದು ನೀವೇ ತಾನೆ?"

ದೇವಾನಂದ ತಾಯಿಯ ಬಾಯಿಯನ್ನು ನೋಡುತ್ತಿದ್ದ. ತುಟಿಗಳು ಒಣಗಿದ್ದವು. ಅವಳು ಅವುಗಳನ್ನು ನಾಲಿಗೆಯಿಂದ ಒದ್ದೆ ಮಾಡಿಕೊಂಡಳು. ಹೇಳುತ್ತಾಳೆ ಎಂದು ಅವನಿಗೆ ಅನ್ನಿಸಿತು.

"ಅಲ್ರೀ," ಎಂದಳು ಅಮೃತಮ್ಮ.

"ಅಕ್ಕಾ!"

"ನೀನು ಸುಮ್ಮನಿರಪ್ಪ. ಅಮ್ಮಾ, ಹೆದರಬೇಡಿ. ನೀವು ಹೌದು ಅಂದರೆ ಇವನಿಗೆ ನೌಕರಿ ಸಿಗುತ್ತೆ."

"ಯಾವ ನೌಕರಿ ಅಂತ ಗೊತ್ತದ್ರೀ."

"ಇವನು ನಿಮ್ಮ ಮಗ ಅಂತ ಇವರೆಲ್ಲ ಹೇಳ್ತಿದ್ದಾರೆ."

"ನನ್ನವು ಅಂದವು ಮೂರೂ ಸತ್ತಾವ್ರೀ. ಈಗ ನೀವೇ ಬರಕೊಂಡೀರಿ." ಅವಳ ದನಿಯಲ್ಲಿ ವಾದವಿರಲಿಲ್ಲ. ಸಂತೆಯಲ್ಲಿ ದರ ಹೇಳುವವಳಂತೆ ಹೇಳಿದಳು. "ಇಂವ ನನ್ನವ ಅಲ್ಲ. ನಾ ಸಾಕೀನಿ ಅಷ್ಟೇ. ಕೂಲಿ ತಗೊಂಡೀನಿ."

ಸೈದಾನಬಿ ನೆಲದಿಂದಲೇ ಕೂಗಿದಳು. "ಏ ಹುಚ್ಚೀ! ನಾ ಇಲ್ಲ ಅಂದಾತಲ್ಲೇ! ಈಗ ಯಾರ ಮಗ ಅಂವ? ತಿಪ್ಪಿ ಮಗನೇನು?"

ಸಾಹೇಬರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ಇನ್ನೂ ಎರಡು ಸಲ ಕೇಳಿದರು. ಎರಡು ಸಲವೂ ಅದೇ ಉತ್ತರ. ಕೊನೆಗೆ ಶರಣಕುಮಾರನಿಗೆ ಹೇಳಿ ಬರೆಸಿದರು: ತಿದ್ದುಪಡಿಯ ಕೋರಿಕೆಯನ್ನು ತಾಯಿಯೆಂದು ಹೇಳಲಾದವರೇ ಅಲ್ಲಗಳೆದಿರುವುದರಿಂದ ವಜಾ. ಹಳೆಯ ನಮೂದೇ ಮುಂದುವರಿಯತಕ್ಕದ್ದು. ದೇವಾನಂದ ಸೈದಾನಬಿಯ ಮಗನಾಗಿ ಉಳಿದ. ತಾನು ಹೆತ್ತಿಲ್ಲವೆಂದು ಆಕೆ ಒತ್ತಿದ ಹೆಬ್ಬಟ್ಟು ಅದೇ ಫೈಲಿನಲ್ಲಿ ಇನ್ನೂ ಹಸಿಯಾಗಿತ್ತು.

ಸ್ಟೇಷನ್ನಿನಲ್ಲಿ ಅಮೃತಮ್ಮ ರೊಟ್ಟಿಯ ಗಂಟು ಬಿಚ್ಚಿ ಅವನ ಮುಂದೆ ಹಿಡಿದಳು. ಗಾಡಿ ಬಂದಾಗ ಅವನು ಬೇರೆ ಡಬ್ಬಿ ಹತ್ತಿದ.

*

ಆಮೇಲೆ ಆ ಮನೆಯಲ್ಲಿ ಇಬ್ಬರು ಬಾಡಿಗೆದಾರರಿದ್ದಂತಾಯಿತು. ಅವನು ಉಣ್ಣುತ್ತಿದ್ದ, ಮಲಗುತ್ತಿದ್ದ, ಅಕ್ಕ ಎಂದೂ ಕರೆಯುತ್ತಿರಲಿಲ್ಲ. ಸೈದಾನಬಿ ಒಂದು ವಾರ ಬರಲಿಲ್ಲ. ಬಂದಾಗ, "ನನ್ನ ಬಾಯಿಲೆ ಸುಳ್ಳು ಹೇಳಿಸಿಬಿಟ್ಟೆಲ್ಲೇ" ಎಂದು ಒಂದೇ ಮಾತು ಹೇಳಿ ಹೋದಳು. ನಿಜ ಹೇಳಿ ಬಂದವಳು ಅದನ್ನು ಸುಳ್ಳು ಎಂದದ್ದು ಯಾರಿಗೂ ವಿಚಿತ್ರ ಅನ್ನಿಸಲಿಲ್ಲ.

ಶರಣಕುಮಾರ ಫೋನು ಮಾಡಿದ. ಮೂರು ಮರಣ ಪ್ರಮಾಣಪತ್ರಗಳು ತಯಾರಾಗಿದ್ದವು. "ನಿಂದು ಆಗಲಿಲ್ಲ ತಮ್ಮಾ. ಇವರವು ಆದ್ವು. ಬಂದು ಒಯ್ಯು." ದೇವಾನಂದ ಹೋಗಿ ತಂದು ತಾಯಿಯ ಮುಂದಿಟ್ಟ. ಅವಳು ಯಾವುದು ಗಂಡಿನದು ಎಂದು ಕೇಳಿದಳು. ಅವನು ಬೆರಳಿನಿಂದ ತೋರಿಸಿದ.

ಯುಗಾದಿ ಬಂತು, ಹೋಯಿತು. ಶಹಾಬಾದಿನ ಮಷಿನ್ನು ನಿಂತಿತು. ಮಾಲೀಕ ಕಲ್ಲಿಗೆ ಗಿರಾಕಿಯಿಲ್ಲವೆಂದ. ಒಂದು ಬೆಳಿಗ್ಗೆ ದೇವಾನಂದ ಹಳದಿ ಹೆಲ್ಮೆಟ್ಟನ್ನು ತೊಡೆಯ ಮೇಲಿಟ್ಟುಕೊಂಡು ಬೂಟಿನ ದಾರ ಕಟ್ಟುತ್ತಿದ್ದ.

"ಎಲ್ಲಿಗಿ?" ಎಂದಳು ಅಮೃತಮ್ಮ.

"ಬೆಲ್ಟಿಗೆ."

"ಅವ್ರು ತಗೊಳ್ಳಲ್ಲ ಅಂದ್ರಲ್ಲ?"

"ಪರ್ಮನೆಂಟ್ ತಗೊಳ್ಳಲ್ಲ. ಠೇಕೇದಾರ ತಗೋತಾನ. ಅಂವ ಅವ್ವನ ಹೆಸರು ಕೇಳಲ್ಲ." ದಾರವನ್ನು ಇನ್ನೊಂದು ಸುತ್ತು ಬಿಗಿದ. "ಪರ್ಮನೆಂಟ್ ಮಂದಿಗೆ ಬೆಲ್ಟು ನಿಂತ ಮ್ಯಾಲ ಒಳಗ ಬಿಡ್ತಾರ. ಸೀಟಿ ಹೊಡೀತಾರ, ಕೀಲಿ ಹಾಕ್ತಾರ. ಕಾಕಾ ಸತ್ತಾಗಿಂದ ರೂಲ್ ಆಗ್ಯದ. ನಮಗ ರೂಲ್ ಇಲ್ಲ. ಓಡುವಾಗೇ ಕೆಳಗ ನುಗ್ಗಿ ಬಳೀಬೇಕು."

ಇದನ್ನು ಹೇಳಬೇಕಾಗಿರಲಿಲ್ಲ. ಹೇಳಬೇಕೆಂದೇ ಹೇಳಿದ. ಅವಳ ಮುಖ ನೋಡಬಾರದೆಂದು ಬೂಟನ್ನೇ ನೋಡುತ್ತಿದ್ದ.

"ಬ್ಯಾರೆ ಕೆಲಸ..."

"ಯಾರ ಮಗ ಅಂತ ಹೇಳಿ ಕೇಳಲಿ?"

ಅವನು ಎದ್ದು ಹೋದ.

ಗ್ಯಾಲರಿ ಅವನು ಎಣಿಸಿದ್ದಕ್ಕಿಂತ ಕತ್ತಲೆಯಾಗಿತ್ತು. ಬೆಲ್ಟು ಪಕ್ಕದಲ್ಲೇ ಓಡುತ್ತಿತ್ತು, ಅಗಲವಾಗಿ, ಕಪ್ಪಗೆ, ಬೆನ್ನ ಮೇಲೆ ಕಲ್ಲು ಹೊತ್ತು. ರೋಲರುಗಳು ಕಿರುಗುಟ್ಟುತ್ತಿದ್ದವು. ಹಳದಿ ಹೆಲ್ಮೆಟ್ಟಿನ ನಾಲ್ಕು ಜನ ಸಾಲಾಗಿ ಬಗ್ಗಿ, ಉದ್ದ ಹಿಡಿಯ ಸಲಿಕೆಗಳಿಂದ ಕೆಳಗೆ ಉದುರಿದ ಪುಡಿಯನ್ನು ಎಳೆಯುತ್ತಿದ್ದರು. ಯಾರೂ ಯಾರ ಹೆಸರನ್ನೂ ಕೇಳಲಿಲ್ಲ. ಹಣಮಪ್ಪ ಬಗ್ಗಿದ್ದ ಜಾಗ ಯಾವುದೆಂದು ಅವನೂ ಕೇಳಲಿಲ್ಲ.

ಬಿಸಿಲೇರಿದಾಗ ತಗಡಿನ ಒಂದು ಹಾಳೆ ಕಿತ್ತುಹೋದ ಕಡೆಯಿಂದ ಬೆಳಕು ಒಳಗೆ ಬಿತ್ತು. ನೀರು ಕುಡಿಯಲು ಅಲ್ಲಿ ನಿಂತಾಗ ಕೆಳಗಿನ ಗೇಟು ಕಾಣಿಸಿತು. ಲಾರಿಗಳ ಸಾಲು, ಚಹಾದ ಅಂಗಡಿ. ಆ ಅಂಗಡಿಯ ಆಚೆ, ನೆರಳಿಲ್ಲದ ಕಡೆ, ನೆಲದ ಮೇಲೆ ಒಬ್ಬ ಹೆಂಗಸು ಕೂತಿದ್ದಳು. ತಲೆಯ ಮೇಲೆ ಸೆರಗು. ಇಷ್ಟು ದೂರದಿಂದ ಮುಖ ಕಾಣುವುದು ಸಾಧ್ಯವೇ ಇರಲಿಲ್ಲ. ಕೂತ ರೀತಿಯಿಂದ ಅವನಿಗೆ ಗೊತ್ತಾಯಿತು.

ಗೇಟಿನ ಕಾವಲುಗಾರ ಅವಳ ಬಳಿಗೆ ಹೋದ. ಬಗ್ಗಿ ಏನೋ ಕೇಳಿದ, ಒಳಗಡೆ ಕೈ ತೋರಿಸಿದ. ಒಳಗೆ ನಿಮ್ಮವರು ಯಾರಾದರೂ ಇದ್ದಾರೆಯೇ ಎಂದಿರಬೇಕು. ಹೆಂಗಸು ತಲೆ ಅಲ್ಲಾಡಿಸಿದಳು. ಕಾವಲುಗಾರ ಮತ್ತೆ ಕೇಳಿದ. ಅವಳು ಮತ್ತೆ ಅಲ್ಲಾಡಿಸಿದಳು. ಅವನು ರಸ್ತೆಯ ಕಡೆ ಕೈ ಬೀಸಿ ಎಬ್ಬಿಸಲು ನೋಡಿದ. ಅವಳು ಸ್ವಲ್ಪ ಹಿಂದೆ ಸರಿದು, ಧೂಳಿನಲ್ಲಿ ಮತ್ತೆ ಕೂತಳು.

ದೇವಾನಂದ ನೋಡುತ್ತಲೇ ಇದ್ದ. ಸಲಿಕೆಯ ಹಿಡಿ ಅವನ ಕೈಯಿಂದ ಬೆಲ್ಟಿನ ಕಡೆಗೆ ವಾಲುತ್ತಿತ್ತು.

"ಏ ಹೊಸಬಾ!" ಹಿಂದಿನಿಂದ ಯಾರೋ ಅವನ ಅಂಗಿಯ ಕಾಲರು ಹಿಡಿದು ಎಳೆದರು. "ಹೊರಗ ಏನ್ ನೋಡ್ತೀಯೋ? ಕಣ್ಣು ಇಲ್ಲಿಡು!"

ಅವನು ತಿರುಗಿದ. ಬಿಸಿಲಿನಿಂದ ಕತ್ತಲೆಗೆ ಬಂದ ಕಣ್ಣಿಗೆ ಬೆಲ್ಟು ಎಲ್ಲಿ ಮುಗಿಯುತ್ತದೆ, ನೆಲ ಎಲ್ಲಿ ಶುರುವಾಗುತ್ತದೆ ಎಂದು ಕೂಡಲೇ ಕಾಣಲಿಲ್ಲ. ಬಗ್ಗಿ, ಸಲಿಕೆಯನ್ನು ಒಳಗೆ ಚಾಚಿದ.